ಒಡಪಿನೊಳಗಿನ ಹೆಸರು

ಬೆಳಿಗ್ಗೆ ಹತ್ತೂವರೆಗೆ ಪುಣೆಯ ಶಿವಾಜಿನಗರದ ಪುಟ್ಟ ಪ್ರದರ್ಶನ ಮಂದಿರದಲ್ಲಿ ದೀಪಗಳು ಆರಿದವು. ಪರದೆಯ ಮೇಲೆ ಬಂದದ್ದು ಶಿವಾನಿ ತೆಗೆದ ಚಿತ್ರ. ಕೆಳಗಿದ್ದ ಹೆಸರು ಅಶ್ವಿತ್‌ನದು.

ಶಿವಾನಿ ಏಳಲು ಹೋದಳು. ಪಕ್ಕದಲ್ಲಿದ್ದ ರೇಣು ಅವಳ ಮುಂಗೈ ಹಿಡಿದು ಕೂರಿಸಿದಳು.

"ಪೂರ್ತಿ ನೋಡೋಣು."

"ಅಕ್ಕಾ, ಅದು ನನ್ನ ಶಾಟ್. ಆ ಮೆಣಸಿನಕಾಯಿ ರಾಶಿ ಬಾಜೂಕ ಕುಂತು ತಗದೀನಿ. ವಾರಗಟ್ಲೆ ಸೀನೀನಿ."

"ಗೊತ್ತದ. ಸೀನಿದ್ದು ಸಾಕ್ಷಿ ಆಗೂದಿಲ್ಲ. ಕುಂದ್ರು."

ಜನವರಿಯ ಮೊದಲ ವಾರ ಶಿವಾನಿಯ ಎಡಿಟಿಂಗ್ ಕೋಣೆಯಿಂದ ಮೂಲ ಕ್ಯಾಸೆಟ್‌ಗಳ ಚೀಲ ಕಾಣೆಯಾಗಿತ್ತು. ಕಂಪ್ಯೂಟರಿನಲ್ಲಿದ್ದ ಪ್ರತಿಯನ್ನೂ ಯಾರೋ ಅಳಿಸಿದ್ದರು. ಅದನ್ನು ಹುಡುಕುವ ಕೆಲಸ ರೇಣುವಿನದು.

ರೇಣು ಖಾಸಗಿ ಪತ್ತೇದಾರಿಣಿ. ಕೋರ್ಟಿನ ಹಿಂದಿನ ಝೆರಾಕ್ಸ್ ಅಂಗಡಿಯ ಮೇಲೆ ಅವಳ ಕಚೇರಿ. ಅಲ್ಲಿಗೆ ಬರುವ ಕೆಲಸದಲ್ಲಿ ಹೆಚ್ಚಿನದು ಮದುವೆಗೆ ಮುಂಚಿನ ತಪಾಸಣೆ. ಹುಡುಗನ ನೌಕರಿ ನಿಜವೇ, ಕುಡಿಯುತ್ತಾನೆಯೇ, ಮೊದಲೇ ಒಂದು ಮದುವೆ ಆಗಿದೆಯೇ. ಪುಣೆಯ ಕನ್ನಡದ ಮನೆಗಳಲ್ಲಿ ಅವಳು ಉಣ್ಣದ ಮದುವೆ ಊಟ ಕಡಿಮೆ.

ಶಿವಾನಿಯದು ಬೇರೆ ಬಗೆಯ ಹಟ. ಮಾರ್ಕೆಟ್ ಯಾರ್ಡ್‌ನಲ್ಲಿ ಮೆಣಸಿನಕಾಯಿ ಆರಿಸುವ, ಉಳ್ಳಾಗಡ್ಡಿ ವಿಂಗಡಿಸುವ ಕನ್ನಡದ ಹೆಂಗಸರ ಬಗ್ಗೆ ಆಕೆ ಎರಡು ವರ್ಷ ಸಾಕ್ಷ್ಯಚಿತ್ರ ತೆಗೆದಿದ್ದಳು. ಹಿಂದೆ ಕಂಪನಿ ಇರಲಿಲ್ಲ, ಚಾನೆಲ್ ಇರಲಿಲ್ಲ. ಕ್ಯಾಮೆರಾ, ಧ್ವನಿ, ಚಹಾ ತರುವುದು ಎಲ್ಲವೂ ಆಕೆಯೇ.

ಸ್ವತಂತ್ರ ಸಾಕ್ಷ್ಯಚಿತ್ರಗಳ ಉತ್ಸವ ಭಾನುವಾರ ಶುರು. ಉದ್ಘಾಟನೆಯ ಚಿತ್ರವನ್ನು ತೀರ್ಪುಗಾರರು ಇಂದು ಮಧ್ಯಾಹ್ನ ಘೋಷಿಸಬೇಕು. ಅಶ್ವಿತ್‌ನ ಹೆಸರಿನಲ್ಲಿ ಅದು ಘೋಷಣೆಯಾದರೆ, ನಾಳೆ ಶಿವಾನಿ ಏನೇ ತೋರಿಸಿದರೂ ಅದು ನಕಲು.

ಹಿಂದಿನ ಸಾಲಿನಿಂದ ಒಂದು ಸ್ಟೀಲ್ ಲೋಟ ಮುಂದೆ ಬಂತು.

"ಚಹಾ ತಗೋ ಬೇಟಾ. ತಲಿ ತಣ್ಣಗಿರಲಿ," ಎಂದ ಸಿದ್ದಾರೂಢ.

ಸಿದ್ದಾರೂಢ ಶಿವಾನಿಯ ಸೋದರಮಾವ. ಮಾರ್ಕೆಟ್ ಯಾರ್ಡ್‌ನಲ್ಲಿ ಮೆಣಸಿನಕಾಯಿ ವ್ಯಾಪಾರಿ. ಅವನ ಗಾಳಾದಲ್ಲಿ, ಅಂದರೆ ಮಳಿಗೆಯಲ್ಲೇ, ಶಿವಾನಿ ಚಿತ್ರದ ಬಹುಭಾಗ ತೆಗೆದಿದ್ದಳು. ಇಂದು ಬೆಳಿಗ್ಗೆ ತನ್ನ ವ್ಯಾನಿನಲ್ಲಿ ಎಲ್ಲರನ್ನೂ ಕರೆತಂದವನೂ ಅವನೇ.

"ರೇಣು, ಒಂದ ಮಾತು," ಎಂದು ಅವನು ಮುಂದಕ್ಕೆ ಬಾಗಿ ಕೇಳಿದ. "ಎಲ್ಲಾ ಕ್ಯಾಸೆಟ್ ಇವನ ಹತ್ತರಾನ ಅದಾವೇನು?"

"ಇನ್ನೂ ಗೊತ್ತಿಲ್ರಿ."

ಇದೇ ಪ್ರಶ್ನೆಯನ್ನು ಅವನು ಕಾರಿಡಾರಿನಲ್ಲೂ ಕೇಳಿದ್ದ. ಚಿತ್ರ ಸಿಗುತ್ತದೆಯೇ ಎಂದು ಕೇಳಿರಲಿಲ್ಲ. ರೇಣು ಅದನ್ನು ಗಮನಿಸಿದಳು. ಆದರೆ ಆಗ ಅವಳ ಕಣ್ಣು ಪರದೆಯ ಮೇಲಿತ್ತು.

ಅವಳ ಅನುಮಾನದಲ್ಲಿ ಮೊದಲು ಇದ್ದವನು ಎಡಿಟಿಂಗ್ ಕೋಣೆಯ ಮಾಲೀಕ ಶಿವರಾಜ. ಶಿವಾನಿಯನ್ನು ಬಿಟ್ಟರೆ ಬೀಗದ ಕೈ ಇದ್ದದ್ದು ಅವನ ಬಳಿ. ಆದರೆ ಆ ವಾರ ಅವನು ಬೆಳಗಾವಿಯಲ್ಲಿ ತಂಗಿಯ ಮದುವೆಯಲ್ಲಿದ್ದ. ಮದುವೆಯ ವಿಡಿಯೊ ತರಿಸಿ ನೋಡಿದ್ದಳು. ಶಿವರಾಜ ಜಿಲೇಬಿ ತಿನ್ನುವುದನ್ನು ಕ್ಯಾಮೆರಾದವನು ಬೇಸರವಿಲ್ಲದೆ ಹಿಡಿದಿದ್ದ. ಅಲ್ಲಿಗೆ ಆ ಬಾಗಿಲು ಮುಚ್ಚಿತು.

ಉಳಿದವನು ಅಶ್ವಿತ್. ಆದರೆ ಅವನು ಕದ್ದ ಎನ್ನಲು ರುಜುವಾತು ಇರಲಿಲ್ಲ. ತೀರ್ಪುಗಾರರ ಅಧ್ಯಕ್ಷ ಪಂಢರಿನಾಥ ನಿನ್ನೆಯೇ ಹೇಳಿದ್ದರು: "ಅವರ ಮೂಲ ಕ್ಯಾಸೆಟ್ ತೋರಿಸಿ ಅಂತ ಕೇಳೋ ಅಧಿಕಾರ ನನಗಿದೆ. ಆದರೆ ಬರೀ ಆರೋಪಕ್ಕೆ ಕೇಳೋದಿಲ್ಲ. ಕಾರಣ ಕೊಡಿ."

ಆ ಕಾರಣ ಬೇಕಿತ್ತು. ರೇಣು ಕಾಯುತ್ತಿದ್ದಳು.

ಚಿತ್ರದ ಕೊನೆಯ ದೃಶ್ಯ ಬಂತು. ಬಾಗಿಲಿಗೆ ಚೆಂಡುಹೂವಿನ ತೋರಣ. ಹೊಸ್ತಿಲ ಬಳಿ ಹಸಿರು ಸೀರೆಯ ಮುದುಕಿಯ ಕೈಗಳು, ಕೈತುಂಬ ಬಳೆ. ಮುಖ ಕ್ಷಣ ಮಾತ್ರ ಕಂಡಿತು. ಆಮೇಲೆ ರಾಗವೂ ಅಲ್ಲದ, ಬರೀ ಮಾತೂ ಅಲ್ಲದ ಗಟ್ಟಿ ದನಿ:

*ಚೀಲದಾಗ ಉಳ್ಳಾಗಡ್ಡಿ, ಬಟ್ಟಲದಾಗ ಅರಿಷಿಣ,*
*ಫಕೀರಪ್ಪನವರು ಹೊಸ್ತಿಲ ದಾಟಿ ಬಂದರ ನನಗ ಹಬ್ಬದ ದಿನ.*

ಕೆಳಗೆ ಇಂಗ್ಲಿಷಿನ ಅಡಿಬರಹ ಮೂಡಿತು. ಪವಿತ್ರ ಫಕೀರನು ಹೊಸ್ತಿಲು ದಾಟಿ ಬಂದರೆ ಆತ್ಮಕ್ಕೆ ಹಬ್ಬ, ಎಂಬುದು ಅದರ ಅರ್ಥ. ಹಿಂದೆಯೇ ಚಿತ್ರದ ಹೆಸರು: 'ಫಕೀರನ ಹೊಸ್ತಿಲು'.

ಕತ್ತಲಲ್ಲಿ ರೇಣು ಸಣ್ಣಗೆ ನಕ್ಕಳು.

"ನನ್ನ ಜೀವ ಹೊಂಟದ, ನಿನಗ ನಗಿ ಬರತದ," ಎಂದಳು ಶಿವಾನಿ.

"ಸಿಕ್ಕ," ಎಂದಳು ರೇಣು.

ದೀಪಗಳು ಹತ್ತಿದವು. ಚಪ್ಪಾಳೆ ಜೋರಾಗಿಯೇ ಬಿತ್ತು. ಚಿತ್ರ ಚೆನ್ನಾಗಿತ್ತು, ಅದೇ ತೊಂದರೆ.

ಅಶ್ವಿತ್ ವೇದಿಕೆ ಹತ್ತಿದ. ಇಸ್ತ್ರಿ ಮಾಡಿದ ಖಾದಿ ಕುರ್ತಾ, ಟ್ರಿಮ್ ಮಾಡಿದ ಗಡ್ಡ. ಪುಣೆಯ ಡೆಕ್ಕನ್ ಬಡಾವಣೆಯಲ್ಲಿ ಅವನ ಮನೆಯವರ ಹೋಟೆಲಿದೆ. ತಾನು ಬರೀ ಗಲ್ಲಾಪೆಟ್ಟಿಗೆಯ ಮುಂದೆ ಕೂರುವವನಲ್ಲ ಎಂದು ತೋರಿಸಲು ಅವನಿಗೆ ಈ ಚಿತ್ರ ಬೇಕಿತ್ತು. ಜಾಹೀರಾತುಗಳನ್ನು ತೆಗೆದಿದ್ದ. ಇದು ಮೊದಲ ಸಾಕ್ಷ್ಯಚಿತ್ರ.

ಪಂಢರಿನಾಥ ಮೈಕ್ ಹಿಡಿದರು. ಎಡಿಟಿಂಗ್ ಕಲಿಸಿ ನಿವೃತ್ತರಾದವರು. ಸೊಲ್ಲಾಪುರದಲ್ಲಿ ಹುಟ್ಟಿದ್ದರಿಂದ ಕನ್ನಡ ಬರುತ್ತಿತ್ತು. ಮನೆಮಾತು ಮರಾಠಿ.

"ಪ್ರಶ್ನೆ ಇದ್ದವರು ಕೇಳಿ."

ರೇಣು ಎದ್ದಳು.

"ಚಿತ್ರ ಭಾಳ ಛಲೋ ಅದ್ರಿ. ಕಡೀಗೆ ಆ ಅವ್ವ ಹೇಳಿದ್ದು ಏನು?"

"ಅದು ತತ್ವಪದ," ಎಂದ ಅಶ್ವಿತ್. "ಫಕೀರ ಪರಂಪರೆಯದ್ದು. ಉತ್ತರ ಕರ್ನಾಟಕದಲ್ಲಿ ಇಂಥದ್ದು ತುಂಬಾ ಉಂಟು."

"ನಿಮ್ಮ ಊರು ಯಾವುದ್ರಿ?"

"ಹಿರಿಯರದ್ದು ಕುಂದಾಪುರ. ನಾನು ಹುಟ್ಟಿ ಬೆಳೆದದ್ದು ಇಲ್ಲೇ."

"ನಿಮ್ಮ ಹೋಟೆಲಿನ ಇಡ್ಲಿ ತಿಂದೀನಿ. ಮೆತ್ತಗ ಇರತಾವ."

ಸಭೆ ನಕ್ಕಿತು. ಅಶ್ವಿತ್ ಕೂಡ ನಕ್ಕ.

"ಆ ಸೀನ್ ಯಾವಾಗ ತಗದ್ರಿ?"

"ಕಳೆದ ದೀಪಾವಳಿಗೆ. ಪಾಡ್ಯದ ಬೆಳಿಗ್ಗೆ. ತೋರಣ ಕಾಣ್ತದಲ್ಲ?"

"ಕ್ಯಾಮೆರಾ?"

"ನಾನೇ. ಬೇರೆ ಯಾರೂ ಇರಲಿಲ್ಲ. ಸ್ವತಂತ್ರ ಚಿತ್ರ ಅಂದರೆ ಹಾಗೇ ಅಲ್ವಾ?"

"ಹೌದ್ರಿ. ಆ ಅವ್ವನ ಗುರುತು ಛಲೋ ಇರಬೇಕು ಹಂಗಾದ್ರ."

"ಇಲ್ದೆ ಎಂತ? ಪಾರವ್ವ ಅಂತ. ಅವರ ಗಂಡ ಸಹ ಎದುರಿಗೇ ಕೂತಿದ್ದರು. ನನಗೆ ಚಹಾ ಕೊಟ್ಟರು ಮಾರಾಯ್ರೆ. ಅಂಥ ಜನ."

ರೇಣು ಅವಸರ ಮಾಡಲಿಲ್ಲ.

"ದೀಪಾವಳಿ ಪಾಡ್ಯಕ್ಕ, ಗಂಡ, ಎದುರಿಗೆ."

"ಹೌದು."

"ಅವರ ಹೆಸರು?"

"ಯಾರದ್ದು? ಗಂಡನದ್ದಾ? ಅಷ್ಟೆಲ್ಲ ಕೇಳ್ಲಿಕ್ಕೆ ಹೋಗಲಿಲ್ಲ."

"ಕೇಳೂದು ಬೇಕಾಗಿದ್ದಿಲ್ಲ. ಆಕೀನ ಹೇಳ್ಯಾಳ. ನಿಮ್ಮ ಚಿತ್ರದಾಗ. ಇಷ್ಟೂ ಮಂದಿ ಈಗ ಕೇಳಿದ್ರು."

ಅಶ್ವಿತ್ ಪಂಢರಿನಾಥರ ಕಡೆ ನೋಡಿದ. ಪಂಢರಿನಾಥ ಕನ್ನಡಕ ತೆಗೆದು ರೇಣುವಿನ ಕಡೆ ನೋಡಿದರು.

"ಕೊನೆಯ ದೃಶ್ಯ ಇನ್ನೊಮ್ಮೆ ಹಾಕಿ," ಎಂದರು.

ದೃಶ್ಯ ಇನ್ನೊಮ್ಮೆ ಬಂತು. ಚೀಲ, ಬಟ್ಟಲು, ಅರಿಷಿಣ, ಹೊಸ್ತಿಲು. ಪಂಢರಿನಾಥ ಕುರ್ಚಿಯ ಕೈ ತಟ್ಟಿದರು.

"ಅರೇ! ಹಾ ತರ್ ಉಖಾಣಾ ಆಹೇ!"

ಸಭೆಯಲ್ಲಿದ್ದ ಮರಾಠಿ ಹೆಂಗಸರೆಲ್ಲ ಒಮ್ಮೆಲೇ ನಕ್ಕರು. ಅವರಿಗೆ ಇನ್ನೇನೂ ಹೇಳಬೇಕಿರಲಿಲ್ಲ.

"ಮರಾಠಿಯೊಳಗ ಉಖಾಣಾ, ನಮ್ಮ ಕಡೆ ಒಡಪು," ಎಂದಳು ರೇಣು. "ಹೆಣಮಗಳು ಗಂಡನ ಹೆಸರು ಸುಮ್ಮನ ಹೇಳೂದಿಲ್ಲ. ಮದುವಿಯೊಳಗ, ಬಸರಿ ಹೆಣಮಗಳ ಕುಬಸದೊಳಗ, ಗೆಳತ್ಯಾರು ಬಾಗಲಾ ಕಟ್ಟಿ ನಿಲ್ಲತಾರ. ಹೆಸರು ಹೇಳಿದ್ರ ಒಳಗ, ಇಲ್ಲಂದ್ರ ಹೊರಗ. ಆಗ ಆಕಿ ಎರಡು ಸಾಲು ಕಟ್ಟಿ, ಅದರಾಗ ಹೆಸರು ಮುಚ್ಚಿ ಹೇಳತಾಳ. ಫಕೀರಪ್ಪ ಯಾವ ಸಂತನೂ ಅಲ್ರಿ. ಪಾರವ್ವನ ಗಂಡ. ಯಾರ್ಡಿನೊಳಗ ಹಮಾಲಿ ಮಾಡತಿದ್ದ."

ಗದಗ, ಹುಬ್ಬಳ್ಳಿಯ ಕಡೆ ಆ ಹೆಸರು ಕೂಗಿದರೆ ಓಣಿಗೆ ಇಬ್ಬರಾದರೂ ತಿರುಗಿ ನೋಡುತ್ತಾರೆ. ಕುಂದಾಪುರದ ಮನೆಯಲ್ಲಿ, ಪುಣೆಯ ಹೋಟೆಲಿನಲ್ಲಿ ಅಶ್ವಿತ್ ಅದನ್ನು ಒಮ್ಮೆಯೂ ಕೇಳಿರಲಿಕ್ಕಿಲ್ಲ. ಕನ್ನಡ ಬರುತ್ತದೆ ಎಂಬ ಭರವಸೆಯಲ್ಲಿ ಅವನು ಯಾರನ್ನೂ ಕೇಳಲಿಲ್ಲ. ಮರಾಠಿಯ ಹುಡುಗನಾಗಿದ್ದರೆ ಕೇಳುತ್ತಿದ್ದ, ಉಳಿಯುತ್ತಿದ್ದ.

ಅವನು ಬೇಗ ಚೇತರಿಸಿಕೊಂಡ.

"ಆಯ್ತು, ಅನುವಾದ ತಪ್ಪಿರಬಹುದು. ಅದು ತಪ್ಪು. ಕಳ್ಳತನ ಅಲ್ಲ."

"ಒಪ್ಪಿದೆ," ಎಂದಳು ರೇಣು. "ಈಗ ತಾರೀಖಿಗೆ ಬರೋಣು. ಫಕೀರಪ್ಪ ಹ್ವಾದ ಶ್ರಾವಣದಾಗ ತೀರಿಕೊಂಡ್ರು. ಗಾಳಾದ ಅಟ್ಟದಿಂದ ಬಿದ್ದು. ದೀಪಾವಳಿ ಶ್ರಾವಣ ಮುಗದ ಮ್ಯಾಲೆ ಬರತದ. ನಿಮಗ ಚಹಾ ಕೊಟ್ಟವರು ಯಾರು?"



"ಎದುರಿಗೆ ಕೂತವರು ಬೇರೆ ಯಾರೋ ಇರಬಹುದು. ನನಗೆ ಗಂಡ ಅನ್ನಿಸಿತು," ಎಂದ ಅಶ್ವಿತ್. ದನಿ ಸ್ವಲ್ಪ ಏರಿತ್ತು.

"ಇರಲಿ. ಆದ್ರ ತೀರಿಕೊಂಡವರ ಹೆಸರಿಗೆ ಒಡಪು ಹೇಳೂದಿಲ್ಲ. ಮುತ್ತೈದಿ ಹೇಳೂ ಮಾತು ಅದು. ದೀಪಾವಳಿಗೆ ಪಾರವ್ವ ಅದನ್ನ ಹೇಳಿರಾಕ ಸಾಧ್ಯ ಇಲ್ಲ."

"ಈ ಕಾಲದಲ್ಲಿ ಅದನ್ನೆಲ್ಲ ಯಾರು ನೋಡ್ತಾರೆ?"

ಅವನ ಉತ್ತರ ತಪ್ಪೇನಲ್ಲ. ತೀರ್ಪುಗಾರರಲ್ಲಿ ಒಬ್ಬರು ತಲೆಯಾಡಿಸಿದರು. ಶಿವಾನಿಯ ಉಗುರು ರೇಣುವಿನ ತೋಳಿಗೆ ಇಳಿಯಿತು.

"ಯಾರು ನೋಡತಾರ, ಆಕೀನ್ನ ಕೇಳೋಣು," ಎಂದಳು ರೇಣು.

ಹೊರಗಿನ ಬೆಂಚಿನ ಮೇಲೆ ಬೆಳಗಿನಿಂದ ಕೂತಿದ್ದ ಪಾರವ್ವ ಒಳಗೆ ಬಂದಳು. ಬಿಳಿ ಹೂವಿನ ಬೂದು ಸೀರೆ, ಬೋಳು ಕೈ. ಪರದೆಯಲ್ಲಿ ನಿಂತುಹೋಗಿದ್ದ ಹಸಿರು ಬಳೆಗಳ ಕೈಯನ್ನು ನೋಡಿ ಅವಳೂ ಒಂದು ಗಳಿಗೆ ನಿಂತಳು.

"ಅದು ನನ್ನ ಕೈ," ಎಂದಳು. "ನಮ್ಮ ಹುಡಿಗಿ ಕುಬಸದಾಗಿಂದು. ಬ್ಯಾಸಿಗಿ."

ಅಶ್ವಿತ್ ಅವಳನ್ನು ನೋಡಿ ನಗಲು ಯತ್ನಿಸಿದ. "ನಮಸ್ಕಾರ ಅಜ್ಜಿ."

"ನೀ ಯಾರಪ್ಪಾ?" ಎಂದಳು ಪಾರವ್ವ.

ಪಂಢರಿನಾಥ ಮೃದುವಾಗಿ ಕೇಳಿದರು: "ಅವ್ವಾ, ಆ ಒಡಪು ಇನ್ನೊಮ್ಮೆ ಹೇಳ್ತೀರಾ? ದನಿ ಹೋಲಿಸೋದಕ್ಕೆ."

"ಇಲ್ರಿ."

"ಎರಡೇ ಸಾಲು."

"ಅರ್ಧ ಸಾಲೂ ಇಲ್ಲ. ಅವರು ಇದ್ದಾಗ ಹೇಳಿದ್ದು ಅದು. ಅವರು ಕೇಳಿ ನಗತಿದ್ರು, ಅದಕ್ಕ ಹೇಳಿದೆ. ಈಗ ಯಾರ ಮುಂದ ಹೇಳಲಿ, ನಿಮ್ಮ ಕುರ್ಚಿ ಮುಂದ?" ಅವಳು ಅಶ್ವಿತ್‌ನ ಕಡೆ ತಿರುಗಿದಳು. "ತಮ್ಮಾ, ನಮ್ಮ ಮನಿಯವರ ಹೆಸರಿನ ಮ್ಯಾಲೆ ಸಿನಿಮಾಕ್ಕ ಹೆಸರಿಟ್ಟೀಯಂತ. ಅವರು ಯಾರಂತ ಒಂದ ಮಾತು ಕೇಳಬಾರದೇನು?"



ಪಂಢರಿನಾಥ ಎದ್ದರು. "ನನಗೆ ಕಾರಣ ಸಿಕ್ಕಿದೆ. ಇನ್ನೊಂದು ಮಾತು. ಒಡಪಿನ ಮೊದಲ ಅಕ್ಷರಕ್ಕೆ ಸ್ವಲ್ಪ ಮುಂಚೆ ಯಾರೋ ನಗ್ತಾ ಇದ್ದಾರೆ. ಆ ನಗುವನ್ನು ಅರ್ಧಕ್ಕೆ ಕತ್ತರಿಸಿದ್ದೀರಿ. ಕಲಿಸಿದ ಮೇಷ್ಟ್ರು ನಾನು, ನನ್ನ ಕಿವಿಗೆ ಅದು ಚುಚ್ಚುತ್ತೆ. ಮೂಲ ಕ್ಯಾಸೆಟ್ ಕೊಡಿ, ಆ ನಗು ಪೂರ್ತಿ ಕೇಳಬೇಕು."

ಉತ್ಸವದ ನಿಯಮದಂತೆ ಅಶ್ವಿತ್ ಮೂಲ ಕ್ಯಾಸೆಟ್‌ಗಳನ್ನು ತಂದಿದ್ದ. ಯಾರೂ ಕೇಳಲಾರರು ಎಂದು ನಂಬಿದ್ದ. ಚೀಲ ವೇದಿಕೆಯ ಮೇಜಿನ ಕೆಳಗೇ ಇತ್ತು.

"ಅದು... ಟೇಪ್ ಸ್ವಲ್ಪ ಹಾಳಾಗಿದೆ," ಎಂದ.

"ನಾವು ಹಾಳಾದ್ದೇ ನೋಡ್ತೀವಿ."

ಶಿವಾನಿ ವೇದಿಕೆ ಹತ್ತಿದ್ದಳು. ಯಾರೂ ತಡೆಯಲಿಲ್ಲ. ಚೀಲದಲ್ಲಿ ಕೈಹಾಕಿ, ನೋಡದೆಯೇ ಎಂಬಂತೆ ಒಂದು ಪುಟ್ಟ ಕ್ಯಾಸೆಟ್ ತೆಗೆದಳು. ಅದರ ಬೆನ್ನಿಗೆ ಕೆಂಪು ಟಿಕಳಿ ಅಂಟಿತ್ತು, ಹೆಂಗಸರು ಹಣೆಗೆ ಇಡುವಂಥದ್ದು.

"ನಾ ಹೆಸರು ಬರಿಯೂದಿಲ್ಲ, ಟಿಕಳಿ ಹಚ್ಚತೀನಿ," ಎಂದಳು. "ಕೆಂಪಂದ್ರ ಕುಬಸ."

ಕ್ಯಾಸೆಟ್ ಹಿಂದಕ್ಕೆ ಓಡಿತು, ನಿಂತಿತು, ಮುಂದಕ್ಕೆ ನಡೆಯಿತು.

ಪರದೆಯ ಮೇಲೆ ಅದೇ ಬಾಗಿಲು, ಅದೇ ತೋರಣ. ಹೆಂಗಸರ ಗಲಾಟೆ. "ಹೆಸರು ಹೇಳ ಪಾರವ್ವಾ, ಇಲ್ಲಂದ್ರ ಬಾಗಲಾ ಬಿಡಂಗಿಲ್ಲ!" ಪಾರವ್ವ ಸೆರಗಿನಲ್ಲಿ ಬಾಯಿ ಮುಚ್ಚಿದಳು, ಕ್ಯಾಮೆರಾದ ಕಡೆ ನೋಡಿದಳು.

ಆಗ ಕ್ಯಾಮೆರಾದ ಹಿಂದಿನಿಂದ ಒಂದು ದನಿ ಬಂತು. ತೀರ ಹತ್ತಿರದ್ದು, ಆದ್ದರಿಂದ ಎಲ್ಲಕ್ಕಿಂತ ಸ್ಪಷ್ಟ.

"ಪಾರವ್ವಾ, ನನ್ನ ನೋಡಬ್ಯಾಡ್ರೀ, ಅವರನ್ನ ನೋಡ್ರಿ... ಹಾಕ್ಷೀ!"

ಶಿವಾನಿಯ ದನಿ, ಶಿವಾನಿಯ ಸೀನು. ಪರದೆಯಲ್ಲಿ ಹೆಂಗಸರು ಬಿದ್ದು ಬಿದ್ದು ನಕ್ಕರು. ಅರ್ಧಕ್ಕೆ ಕತ್ತರಿಸಿದ್ದ ನಗು ಅದು.

ಸಭೆಯೂ ನಕ್ಕಿತು. ಆಮೇಲೆ ಚಪ್ಪಾಳೆ ಶುರುವಾಯಿತು. ಹಿಂದಿನ ಸಾಲಿನಿಂದ ಮುಂದಕ್ಕೆ ಬಂತು, ನಿಲ್ಲಲಿಲ್ಲ. ಮರಾಠಿ ಹೆಂಗಸೊಬ್ಬಳು ಎದ್ದು ಪಾರವ್ವನ ಕೈ ಹಿಡಿದಳು. ಪಾರವ್ವ ತನ್ನ ಪಾಡಿಗೆ ಪರದೆ ನೋಡುತ್ತಿದ್ದಳು.

ತೀರ್ಪುಗಾರರು ಒಳಗಿನ ಕೋಣೆಗೆ ಹೋದರು. ಹೋದಷ್ಟೇ ಬೇಗ ಬಂದರು.

"ಉದ್ಘಾಟನೆಯ ಚಿತ್ರ ಇದೇ," ಎಂದರು ಪಂಢರಿನಾಥ. "ನಿರ್ದೇಶನ, ಛಾಯಾಗ್ರಹಣ, ಧ್ವನಿ ಮತ್ತು ಸೀನು: ಶಿವಾನಿ. ಭಾನುವಾರ ಸಂಜೆ, ಅವರದೇ ಎಡಿಟಿಂಗ್‌ನಲ್ಲಿ, ಪೂರ್ತಿ. ಆಮೇಲೆ ಸಾಂಗಲಿ, ಸೊಲ್ಲಾಪುರ, ಬೆಳಗಾವಿ. ಹೆಸರು ಮಾತ್ರ ಬದಲಾಯಿಸಿ ತಾಯಿ, ಇವರಿಟ್ಟದ್ದು ಬೇಡ."

ಶಿವಾನಿ ಅಳಲಿಲ್ಲ. ಮೈಕ್ ಹಿಡಿದು, "ಚಿತ್ರದ ಹೆಸರು 'ಕೆಂಪು ರಾಶಿ'," ಎಂದಳು.   ಎರಡು ವರ್ಷ ಯಾರ್ಡಿನ ವ್ಯಾಪಾರಿಗಳು ಅವಳನ್ನು ಕ್ಯಾಮೆರಾದ ಹುಚ್ಚಿ ಎಂದು ಕರೆದಿದ್ದರು. ಇಂದು ತುಂಬಿದ ಸಭೆ ಅವಳ ಹೆಸರು ಕೂಗುತ್ತಿತ್ತು.

ಸಿದ್ದಾರೂಢ ಎಲ್ಲರಿಗಿಂತ ಮೊದಲು ಓಡಿ ಬಂದ. "ನನ್ನ ತಂಗಿ ಮಗಳು!" ಎಂದು ಸುತ್ತಲಿನವರಿಗೆಲ್ಲ ಹೇಳಿದ. ಜೇಬಿನಿಂದ ಪೇಢೆಯ ಪೊಟ್ಟಣ ತೆಗೆದು ತೀರ್ಪುಗಾರರ ಬಾಯಿಗೂ ಇಟ್ಟ.

ಶಿವಾನಿ ಮೇಜಿನ ಮೇಲೆ ಚೀಲ ಸುರುವಿದಳು. ಟಿಕಳಿಗಳನ್ನು ಬೆರಳಿನಲ್ಲಿ ಮುಟ್ಟುತ್ತ ಹೋದಳು. ಕೆಂಪು, ಹಳದಿ, ನೀಲಿ, ಕಪ್ಪು. ಮತ್ತೆ ಮೊದಲಿನಿಂದ ಮುಟ್ಟಿದಳು.

"ಅಕ್ಕಾ, ಹಸಿರು ಇಲ್ಲ."

"ಹಸಿರು ಏನು?"

"ಫಕೀರಪ್ಪ ಕಾಕಾ. ಕುಂತು ಮಾತಾಡಿದ್ದು. ಅವರದು ಅದೊಂದ ಕ್ಯಾಸೆಟ್. ನನ್ನ ಚಿತ್ರ ಅವರಿಂದನ ಶುರು ಮಾಡಬೇಕಂತಿದ್ದೆ. ಅದು ಇಲ್ಲದ ಭಾನುವಾರ ಏನು ತೋರಸಲಿ?"

"ಅದರಾಗ ಏನದ?"

ಶಿವಾನಿ ತಡೆದು ಹೇಳಿದಳು. "ನನಗ ಗೊತ್ತಿಲ್ಲ. ಕ್ಯಾಮೆರಾ ಸ್ಟ್ಯಾಂಡಿಗೆ ಹಚ್ಚಿ ಚಹಾ ತರಾಕ ಹೋಗಿದ್ದೆ. ನಾ ಇದ್ದರ ಅವರು ನಾಚತಿದ್ರು. ಆಮ್ಯಾಲೆ ಸ್ವಲ್ಪ ದಿನಕ್ಕ ಅವರು ಹ್ವಾದ್ರು. ನೋಡೂ ಧೈರ್ಯ ಆಗಲಿಲ್ಲ."

ಪಾರವ್ವ ಮೇಜಿನ ಬಳಿಗೆ ಬಂದಿದ್ದಳು. "ನಾ ಅದಕ್ಕ ಬಂದದ್ದು," ಎಂದಳು. "ಅವರು ಮಾತಾಡಿದ್ದು ತೋರಸ್ತೀನಿ ಅಂದಿದ್ದೆಲ್ಲವಾ ನೀನು?"

"ತೋರಸ್ತೀನವ್ವಾ. ಸಿಗತದ."

"ಸಿಗದಿದ್ರೂ ಚಿಂತಿಲ್ಲ ಬಿಡು. ನಾ ಬಾಜೂಕ ಕುಂತಿದ್ದೆ. ಅವರು ಅಂದ ಮಾತು ಒಂದೊಂದೂ ನೆನಪದ ನನಗ."

ಇದನ್ನು ಅವಳು ಗಟ್ಟಿಯಾಗಿಯೇ ಹೇಳಿದಳು. ಯಾರ್ಡಿನಲ್ಲಿ ಮೆಲ್ಲಗೆ ಮಾತಾಡಿ ಅಭ್ಯಾಸವಿಲ್ಲ.

ಅಶ್ವಿತ್ ಪಕ್ಕದ ಬಾಗಿಲಿನಿಂದ ಹೊರಟಿದ್ದ. ರೇಣು ಅವನ ಹಿಂದೆ ಹೋಗಿ ಮೆಟ್ಟಿಲಿನ ತಿರುವಿನಲ್ಲಿ ಹಿಡಿದಳು. ಅವನು ಗೋಡೆಗೆ ಒರಗಿ ನಿಂತ. ಇಸ್ತ್ರಿ ಮಾತ್ರ ಇನ್ನೂ ಹಾಗೇ ಇತ್ತು.

"ಪೊಲೀಸರಾ?"

"ನಾ ಪೊಲೀಸ್ ಅಲ್ಲ. ಹಸಿರು ಟಿಕಳಿದು ಎಲ್ಲದ?"

"ಹಸಿರು ನಾನು ನೋಡ್ಲೇ ಇಲ್ಲ. ದೇವರಾಣೆ. ನನಗೆ ಬಂದ ಚೀಲ ಇಷ್ಟೇ."

"ಬಂತು ಅಂದ್ರ? ನೀವು ಕದ್ದದ್ದಲ್ಲ?"

"ನಾನು ಆ ಎಡಿಟಿಂಗ್ ಕೋಣೆ ಎಲ್ಲಿದೆ ಅಂತ ಸಹ ನೋಡಿಲ್ಲ ಮಾರಾಯ್ರೆ. ಹೋಟೆಲಿಗೆ ಒಬ್ಬರು ಬಂದರು. ನಾನು ಸಾಕ್ಷ್ಯಚಿತ್ರ ಮಾಡಬೇಕು ಅಂತ ಎಲ್ಲರಿಗೂ ಹೇಳ್ತಾ ಇದ್ದೆ, ಅವರಿಗೂ ಗೊತ್ತಿತ್ತು. ನಮ್ಮ ಹುಡುಗಿ ಯಾರ್ಡಿನಲ್ಲಿ ತೆಗೆದದ್ದು, ಈಗ ಬಿಟ್ಟಿದ್ದಾಳೆ, ಮದುವೆ ಮಾಡ್ತೇವೆ, ನಿಮಗೆ ಬೇಕಿದ್ದರೆ ಇಟ್ಕೊಳ್ಳಿ ಅಂದರು. ನಾನು... ಇಟ್ಕೊಂಡೆ."

"ಹೆಸರು?"

"ಹೆಸರು ಕೇಳ್ಲಿಲ್ಲ," ಎಂದ ಅಶ್ವಿತ್. ಹೇಳಿದ ಮೇಲೆ ಅವನಿಗೇ ನಾಚಿಕೆಯಾಯಿತು. "ಆದರೆ ನಮಗೆ ಮೆಣಸು ಅವರ ಅಂಗಡಿಯದ್ದೇ ಬರ್ತದೆ. ಈಗ ಪೇಢೆ ಹಂಚ್ತಾ ಇದ್ದರಲ್ಲ, ಅವರೇ."

ರೇಣು ಎರಡು ಮೆಟ್ಟಿಲು ಒಟ್ಟಿಗೆ ಹತ್ತಿ ಸಭಾಂಗಣಕ್ಕೆ ಬಂದಳು.

ಈಗ ಲೆಕ್ಕ ನೇರವಾಗಿತ್ತು. ಕದ್ದವನಿಗೆ ಬೇಕಿದ್ದದ್ದು ಹಸಿರು ಟಿಕಳಿಯ ಕ್ಯಾಸೆಟ್ ಒಂದೇ. ಅದೊಂದೇ ಹೋದರೆ ಶಿವಾನಿ ಕೇಳುತ್ತಿದ್ದಳು: ಅದೇ ಯಾಕೆ? ಎಲ್ಲವೂ ಹೋಗಿ, ಬೇರೆಯವನ ಹೆಸರಿನಲ್ಲಿ ಚಿತ್ರವಾಗಿ ಬಂದರೆ, ಎಲ್ಲರೂ ಚಿತ್ರದ ಕಳ್ಳನನ್ನು ಹುಡುಕುತ್ತಾರೆ. ರೇಣುವೂ ಅದನ್ನೇ ಮಾಡಿದ್ದಳು. ಶಿವಾನಿಯ ಬೀಗದ ಕೈ ಸೋದರಮಾವನಿಗೆ ಸಿಗುವುದು ಕಷ್ಟವಲ್ಲ. ಫಕೀರಪ್ಪ ಬಿದ್ದ ಅಟ್ಟ ಯಾರ ಗಾಳಾದ್ದು ಎಂದು ಅವಳು ಈತನಕ ಕೇಳಿರಲಿಲ್ಲ.

ಈಗ ಕೇಳಿದಳು.

"ಮಾಮಾಂದು," ಎಂದಳು ಶಿವಾನಿ. "ಯಾಕ?"

"ಮಾಮಾ ಎಲ್ಲಿ?"

"ಪಾರವ್ವನ್ನ ಮನಿಗೆ ಬಿಟ್ಟು ಬರತೀನಿ ಅಂತ ಹ್ವಾದ್ರು. ಈಗ ಹ್ವಾದ್ರು."

ಕೆಳಗಿನ ಅಂಗಳದಲ್ಲಿ ವ್ಯಾನ್ ಇರಲಿಲ್ಲ.

ರೇಣು ರಿಕ್ಷಾ ಹಿಡಿದು ಮಾರ್ಕೆಟ್ ಯಾರ್ಡ್‌ಗೆ ಹೋದಳು. ಗಾಳಾಕ್ಕೆ ಶಟರ್ ಎಳೆದಿತ್ತು. ಪಾರವ್ವನ ಮನೆಯಲ್ಲಿ ಮಗಳು ಕೂಸಿಗೆ ಹಾಲು ಕುಡಿಸುತ್ತಿದ್ದಳು. ಅವ್ವ ಬಂದಿಲ್ಲ ಎಂದಳು. ಅಲ್ಲಿಯೇ ರೇಣುವಿನ ಮೊಬೈಲ್ ಬಡಿದುಕೊಂಡಿತು. ಗೊತ್ತಿಲ್ಲದ ನಂಬರು, ವಾಹನಗಳ ಸದ್ದು, ಮರಾಠಿಯಲ್ಲಿ "ಬೋಲಾ ಆಜೀ, ಬೋಲಾ" ಎನ್ನುವ ಯಾರದೋ ದನಿ. ಆಮೇಲೆ ಯಾರ್ಡಿನ ಗಟ್ಟಿ ದನಿಯಲ್ಲಿ:

"ರೇಣವ್ವಾ! ನಾ ಪಾರವ್ವ!"

"ಎಲ್ಲಿದ್ದೀರಿ?"

"ವಾಘೋಲಿ ಅಂತ. ಪೆಟ್ರೋಲ್ ಪಂಪ್ ಬಾಜೂಕ ಫೋನಿನ ಅಂಗಡಿ. ನೀ ಮುಂಜಾನೆ ಕೊಟ್ಟ ಕಾರ್ಡು ಈ ಪುಣ್ಯಾತ್ಮ ಓದಿದ. ಯಾರ್ಡಿಗೆ ಹೊಂಟೀವಿ ಅಂದಾವ ಊರ ಹೊರಗಿನ ರಸ್ತಾ ಹಿಡದ. ಎಲ್ಲಿಗೆ ಅಂದ್ರ, ರಾಂಜಣಗಾಂವ ಗಣಪತಿ ದರ್ಶನ ಮಾಡಸ್ತೀನಿ ಅಂದ. ದರ್ಶನಕ್ಕ ನಾ ಉಪಾಸ ಹೋಗಾಕಿ. ಇವತ್ತು ಅಂವನ ಚಹಾನೇ ಎರಡು ಲೋಟ ಕುಡದೀನಿ!"

"ಏನರ ಮಾಡಿದ್ನೇನು?"

"ಏನು ಮಾಡತಾನ? ದಾರಿ ತುಂಬ ಒಂದ ಪ್ರಶ್ನೆ. ನಿನ್ನ ಗಂಡ ಏನಂದಿದ್ದ, ನಿನ್ನ ಗಂಡ ಏನಂದಿದ್ದ. ನನಗ ತಿಳೀತು. ಪೆಟ್ರೋಲ್ ಹಾಕಸಾಕ ಇಳದು ಹುಡುಗಗ ಬೈಯಾಕತ್ತಿದ್ದ. ಕೀಲಿ ಗಾಡ್ಯಾಗ ಇತ್ತು. ತಗೊಂಡೆ. ಇಳದೆ. ಫೋನಿನ ಅಂಗಡಿಗೆ ಬಂದೆ."

"ಈಗ ಅಂವ ಎಲ್ಲಿ?"

"ನಾ ನಿನ್ನ ಕಾರ್ಡು ತೋರಸೂದು ನೋಡಿದ. ಓಡಿದ. ಧೋತರ ಎತ್ತಿ ಓಡಿದ ನೋಡು, ಜನ ನಿಂತು ನಕ್ಕಾರ!" ಪಾರವ್ವ ತಾನೂ ನಕ್ಕಳು. ಅಪ್ಪ ತೀರಿದ ಮೇಲೆ ಅವ್ವ ಹೀಗೆ ನಕ್ಕದ್ದು ಇದೇ ಮೊದಲೆಂದು, ಫೋನಿನಾಚೆಯ ಸದ್ದು ಕೇಳಿದ ಮಗಳು ಹೇಳಿದಳು.

ರೇಣು, ಅವಳ ಫೋನ್ ಬಂದೊಡನೆ ಹೊರಟ ಶಿವಾನಿ, ಇಬ್ಬರೂ ವಾಘೋಲಿ ಮುಟ್ಟಿದಾಗ ಪಾರವ್ವ ವ್ಯಾನಿನ ಮುಂದಿನ ಸೀಟಿನಲ್ಲಿ ಕೂತಿದ್ದಳು. ಕೀಲಿ ಸೆರಗಿನ ಗಂಟಿನಲ್ಲಿತ್ತು. ಶಿವಾನಿ ಬರುವಾಗಲೇ ಕ್ಯಾಮೆರಾ ತಂದಿದ್ದಳು. ಹೊಸ ಕ್ಯಾಸೆಟ್ ಹಾಕಿ, ಅದಕ್ಕೆ ಹಸಿರು ಟಿಕಳಿ ಹಚ್ಚಿದಳು.

"ಅವ್ವಾ, ಕಾಕಾ ಏನಂದ್ರು? ಈಗ ಹೇಳ್ರಿ. ನನ್ನ ನೋಡಿ ಹೇಳ್ರಿ, ಅಡ್ಡಿಯಿಲ್ಲ."

ಪಾರವ್ವ ಸೆರಗು ಸರಿಮಾಡಿಕೊಂಡು, ಅಟ್ಟದ ಹಲಗೆ ಮುರಿದಿದೆ ಎಂದು ಫಕೀರಪ್ಪ ಸಿದ್ದಾರೂಢನಿಗೆ ಹೇಳಿದ್ದಲ್ಲಿಂದ ಶುರು ಮಾಡಿದಳು. ಕ್ಯಾಸೆಟ್ ಮುಗಿಯುವ ತನಕ ಹೇಳಿದಳು.

ಸಂಜೆ ಐದಕ್ಕೆ ಸಿದ್ದಾರೂಢ ವಕೀಲನೊಬ್ಬನ ಜೊತೆ ತಾನಾಗಿಯೇ ಪೊಲೀಸ್ ಠಾಣೆಗೆ ಬಂದು ದೂರು ಕೊಟ್ಟ. ತನ್ನ ವ್ಯಾನ್ ಕಳವಾಗಿದೆ ಎಂದು ದೂರಿನಲ್ಲಿತ್ತು. ಕದ್ದವರ ಹೆಸರಿನ ಜಾಗದಲ್ಲಿ, ಪಾರವ್ವ ಫಕೀರಪ್ಪ ಬೆನಕಟ್ಟಿ, ಎಂದು ಬರೆಸಿದ್ದ.

ಆರು ಗಂಟೆಗೆ ಪೊಲೀಸರು ವಾಘೋಲಿಯಲ್ಲಿ ವ್ಯಾನನ್ನೂ ಪಾರವ್ವನನ್ನೂ, ಒಳಗಿದ್ದ ಹಸಿರು ಟಿಕಳಿಯ ಕ್ಯಾಸೆಟ್ ಸಮೇತ ಕ್ಯಾಮೆರಾವನ್ನೂ ವಶಕ್ಕೆ ತೆಗೆದುಕೊಂಡರು.